ಮೂರೇ ಡೈಲಾಗ್ ಇದೆಯಾ? ಪೋಷಕ ನಟರಿಗೊಂದು ಕೈಪಿಡಿ

ಸ್ಕ್ರಿಪ್ಟ್ ಕೈಗೆ ಬಂದ ತಕ್ಷಣ ಹೊಸ ನಟರು ಮಾಡುವ ಮೊದಲ ಕೆಲಸ ತಮ್ಮ ಡೈಲಾಗ್ ಎಣಿಸುವುದು. ನಾನೂ ಎಣಿಸಿದವನೇ. ಹಾಳೆ ತಿರುವಿ, ನನ್ನ ಪಾತ್ರದ ಹೆಸರು ಹುಡುಕಿ, ಹಳದಿ ಪೆನ್ನಿನಲ್ಲಿ ಗೆರೆ ಎಳೆದು, "ಬರೀ ಮೂರಾ?" ಅಂತ ಮುಖ ಸಣ್ಣದು ಮಾಡಿಕೊಂಡು ಕೂತಿದ್ದೆ. ಪೋಷಕ ಪಾತ್ರಗಳನ್ನೇ ನಂಬಿ ಬದುಕು ಕಟ್ಟಿಕೊಳ್ಳಬೇಕು ಅಂತಿದ್ದರೆ ಈ ಚಟ ಮೊದಲು ಬಿಡಬೇಕು.

ಯಾಕೆ ಅಂದರೆ, ಆ ಪಾತ್ರಕ್ಕೆ ತಾನು ಸಣ್ಣ ಪಾತ್ರ ಅನ್ನುವುದೇ ಗೊತ್ತಿರುವುದಿಲ್ಲ. ನಾಯಕನ ಕಥೆಯಲ್ಲಿ ಅವನು ಎರಡು ನಿಮಿಷ ಬಂದು ಹೋಗುವವನು, ನಿಜ. ಅವನ ಕಥೆಯಲ್ಲಿ ನೋಡಿದರೆ, ನಾಯಕನೇ ಎಲ್ಲಿಂದಲೋ ಎರಡು ನಿಮಿಷ ಬಂದು ಅವನ ಕೆಲಸ ಕೆಡಿಸಿ ಹೋದವನು. ನಾನು ಇಲ್ಲಿ ಹೇಳುವುದೆಲ್ಲ ಈ ಒಂದು ಎಳೆ ಹಿಡಿದುಕೊಂಡೇ.

ಎರಡು ನಿಮಿಷದಲ್ಲಿ ಏನಾಗುತ್ತೆ ಅಂತ ಕೇಳಬೇಡಿ. 1976ರ ಒಂದು ಅಮೆರಿಕನ್ ಚಿತ್ರದಲ್ಲಿ ಬಿಯಾಟ್ರಿಸ್ ಸ್ಟ್ರೇಟ್ ತೆರೆಯ ಮೇಲೆ ಇದ್ದದ್ದು ಸುಮಾರು 5 ನಿಮಿಷ. ಗಂಡನಿಗೆ ಬೇರೊಬ್ಬಳ ಮೇಲೆ ಮನಸ್ಸಾಗಿದೆ ಅಂತ ತಿಳಿದ ಹೆಂಡತಿಯ ಪಾತ್ರ. ಅಷ್ಟಕ್ಕೇ ಅವರಿಗೆ ಆಸ್ಕರ್ ಬಂತು.

ಮೊದಲು ಓದು

ಪೂರ್ತಿ ಸ್ಕ್ರಿಪ್ಟ್ ಕೇಳಿ. ಸಣ್ಣ ಪಾತ್ರದವರಿಗೆ ಎಷ್ಟೋ ಸಲ ಅವರ ದೃಶ್ಯದ ಹಾಳೆಗಳನ್ನಷ್ಟೇ ಕೊಡುತ್ತಾರೆ. ಆಗ ಅಸಿಸ್ಟೆಂಟ್ ಡೈರೆಕ್ಟರ್ ಹತ್ತಿರ ಎರಡೇ ಪ್ರಶ್ನೆ ಕೇಳಿ: ಇದಕ್ಕೆ ಮುಂಚೆ ಏನಾಯಿತು, ಇದಾದ ಮೇಲೆ ಏನಾಗುತ್ತದೆ? ಇಷ್ಟು ಕೇಳಿದರೆ ಯಾರೂ ಬೇಸರ ಮಾಡಿಕೊಳ್ಳುವುದಿಲ್ಲ.

ಆಮೇಲೆ ನಿಮ್ಮನ್ನೇ ಒಂದು ಪ್ರಶ್ನೆ ಕೇಳಿಕೊಳ್ಳಿ. ಈ ಪಾತ್ರವನ್ನು ಕಿತ್ತುಹಾಕಿದರೆ ಕಥೆಯಲ್ಲಿ ಏನು ನಿಂತುಹೋಗುತ್ತದೆ? ಕೆಲವು ಪಾತ್ರಗಳು ಸುದ್ದಿ ತರುತ್ತವೆ. ಕೆಲವು ನಾಯಕನಿಗೆ ಅಡ್ಡ ನಿಂತು ಅವನನ್ನು ತಡ ಮಾಡುತ್ತವೆ. ಇನ್ನು ಕೆಲವು ಖಳನಾಯಕನಿಗೆ ಹೆದರುತ್ತವೆ. ನೀವು ಹೆದರಿದರೆ ತಾನೇ ಪ್ರೇಕ್ಷಕನಿಗೆ ಅವನು ದೊಡ್ಡವನು ಅಂತ ಗೊತ್ತಾಗುವುದು? ಉತ್ತರ ಸಿಕ್ಕಿತು ಅಂದರೆ ನಿಮ್ಮ ಡ್ಯೂಟಿ ಏನು ಅಂತ ಸಿಕ್ಕಿತು. ಅದನ್ನು ಮಾಡಿದ ಮೇಲೆ ಉಳಿದ ಜಾಗ ನಿಮ್ಮದು.

1898ರಲ್ಲಿ ನೆಮಿರೋವಿಚ್ ಡಾಂಚೆಂಕೊ ಜೊತೆ ಮಾಸ್ಕೋ ಆರ್ಟ್ ಥಿಯೇಟರ್ ಕಟ್ಟಿದ ರಷ್ಯಾದ ರಂಗ ನಿರ್ದೇಶಕ ಸ್ತಾನಿಸ್ಲಾವ್‌ಸ್ಕಿ, ಪಾತ್ರ ಯಾವ ಪರಿಸ್ಥಿತಿಯಲ್ಲಿದೆ ಅನ್ನುವುದರ ಮೇಲೆ ನಟನ ಕೆಲಸಕ್ಕೆ ತಳಪಾಯ ಹಾಕಿದರು. ನಾನು ಯಾರು, ಎಲ್ಲಿದ್ದೇನೆ, ಗಂಟೆ ಎಷ್ಟು, ಎಲ್ಲಿಂದ ಬಂದೆ, ನನಗೇನು ಬೇಕು. ನಾಯಕನ ಪಾತ್ರದಲ್ಲಿ ಇವಕ್ಕೆಲ್ಲ ಬರಹಗಾರನೇ ಉತ್ತರ ಬರೆದಿರುತ್ತಾನೆ. ನಮ್ಮ ಪಾತ್ರದಲ್ಲಿ ಬರೆದಿರುವುದಿಲ್ಲ. ನಾವೇ ತುಂಬಿಸಿಕೊಳ್ಳಬೇಕು. ಇದರಲ್ಲೇ ಮಜಾ ಇರುವುದು.

ಒಂದು ಉದಾಹರಣೆ: ಲಾಡ್ಜಿನ ಗುಮಾಸ್ತ

ರಾತ್ರಿ 2 ಗಂಟೆ. ಲಾಡ್ಜಿನ ಕೌಂಟರ್. ನಾಯಕ ಏದುಸಿರು ಬಿಡುತ್ತಾ ಒಳಗೆ ಬರುತ್ತಾನೆ. ಕೈಗೆ ಗಾಯ, ರಕ್ತ ಸೋರುತ್ತಿದೆ. ಗುಮಾಸ್ತನಿಗೆ ಇರುವುದು ಮೂರು ಮಾತು.

"ಐಡಿ ಕೊಡಿ."
"ಇಲ್ಲಿ ಸೈನ್ ಮಾಡಿ."
"ಮೂರನೇ ಮಹಡಿ. ಲಿಫ್ಟ್ ಕೆಟ್ಟಿದೆ."

ರಕ್ತ ನೋಡಿ ಕಣ್ಣರಳಿಸಿ ಗಾಬರಿ ಬೀಳೋಣ ಅಂತ ಎಲ್ಲರಿಗೂ ಮೊದಲು ಅನ್ನಿಸುತ್ತದೆ. ಬೇಡ. ಗಾಬರಿಯ ಕೆಲಸ ಹಿನ್ನೆಲೆ ಸಂಗೀತ ಮಾಡುತ್ತದೆ. ಉಗ್ಗೋಣ, ಒಂದು ಕಣ್ಣು ಮುಚ್ಚಿ ತೆಗೆಯೋಣ, ಜನ ನಗಲಿ ಅಂತಲೂ ಅನ್ನಿಸುತ್ತದೆ. ಅದಂತೂ ಬೇಡವೇ ಬೇಡ.

ಅದರ ಬದಲು ಹೀಗೆ ಯೋಚಿಸಿ. ನಾಯಕ ಬರುವ ಒಂದು ನಿಮಿಷ ಮುಂಚೆ ಈ ಮನುಷ್ಯ ಏನು ಮಾಡುತ್ತಿದ್ದ? ಕುರ್ಚಿಯಲ್ಲೇ ತೂಕಡಿಸುತ್ತಿದ್ದ. ಶೂ ಬಿಚ್ಚಿಟ್ಟಿದ್ದ. ಹಾಗಾದರೆ ಎದ್ದು ನಿಲ್ಲುವಾಗ ಕಾಲು ಕೌಂಟರ್ ಕೆಳಗೆ ಶೂ ಹುಡುಕುತ್ತಿರುತ್ತದೆ. ಕ್ಯಾಮೆರಾಗೆ ಕಾಲು ಕಾಣುವುದಿಲ್ಲ. ಆದರೆ ಭುಜ ಒಂಚೂರು ಒಂದು ಕಡೆ ವಾಲುತ್ತದೆ, ಅದು ಕಾಣುತ್ತದೆ. ಇನ್ನು ಅವನಿಗಿರುವ ಭಯ ಯಾವುದು? ರಕ್ತದ್ದಲ್ಲ. ಬೆಳಿಗ್ಗೆ ಓನರ್ ಬಂದು ರಿಜಿಸ್ಟರ್ ತೆಗೆದು ನೋಡುತ್ತಾನಲ್ಲ, ಅದರದ್ದು. ನಾಯಕನ ಕೈಯಿಂದ ಒಂದು ಹನಿ ಪುಟದ ಮೇಲೆ ಬೀಳುತ್ತದೆ. ಗುಮಾಸ್ತ ಗಾಯದ ಕಡೆ ನೋಡುವುದೇ ಇಲ್ಲ. ಅಂಗಿಯ ತೋಳಿನಿಂದ ಆ ಹನಿ ಒರೆಸಿ, ಒಂದು ಸಾಲು ಕೆಳಗೆ ಬೆರಳಿಟ್ಟು, "ಇಲ್ಲಿ ಸೈನ್ ಮಾಡಿ" ಅನ್ನುತ್ತಾನೆ. ಲಿಫ್ಟ್ ಕೆಟ್ಟಿದೆ ಅನ್ನುವ ಮಾತನ್ನು ಅವನು ಬೆಳಿಗ್ಗೆಯಿಂದ ಬಂದವರಿಗೆಲ್ಲ ಹೇಳಿದ್ದಾನೆ. ಹಾಗಾಗಿ ಮುಖ ನೋಡದೆ, ರಿಜಿಸ್ಟರ್ ಮುಚ್ಚುತ್ತಾ ಹೇಳಿಬಿಡುತ್ತಾನೆ. ಇವನಿಗೆ ಇದು ಮಾಮೂಲಿ. ಅದಕ್ಕೇ ನಾಯಕನ ಸಂಕಟ ಇನ್ನೂ ದೊಡ್ಡದಾಗಿ ಕಾಣುತ್ತದೆ.

ಇಷ್ಟು ಸಾಕು, ನಿಲ್ಲಿಸಿ. ರಿಜಿಸ್ಟರ್ ಒರೆಸುವುದು ಇದೆ ಅಂದಮೇಲೆ ಆಕಳಿಕೆ ಬೇಡ, ತಲೆ ಕೆರೆದುಕೊಳ್ಳುವುದು ಬೇಡ. ಮತ್ತೆ, ಒರೆಸುವುದನ್ನು ನಿಮ್ಮ ಮಾತಿನ ಜೊತೆಗೇ ಮುಗಿಸಿ. ನಾಯಕ ಮಾತಾಡುವಾಗ ನೀವು ಒರೆಸುತ್ತಾ ಕೂತರೆ ಅದು ಕಳ್ಳತನ. ಪ್ರೇಕ್ಷಕರ ಕಣ್ಣು ನಿಮ್ಮ ಕೈಗೆ ಬರುತ್ತದೆ, ಕಥೆ ಕೈತಪ್ಪುತ್ತದೆ. ಎದುರಿಗಿರುವ ನಟನಿಗೆ ಅದು ತಕ್ಷಣ ಗೊತ್ತಾಗುತ್ತದೆ, ಮುಂದಿನ ಸಲ ನಿಮ್ಮ ಹೆಸರು ಬಂದಾಗ ನೆನಪೂ ಆಗುತ್ತದೆ.

ಇದನ್ನು ರಿಹರ್ಸಲ್‌ನಲ್ಲೇ ಮಾಡಿ ತೋರಿಸಿ. ಟೇಕ್‌ನಲ್ಲಿ ಸರ್ಪ್ರೈಸ್ ಕೊಡಬೇಡಿ. ಡೈರೆಕ್ಟರ್ ಬೇಡ ಅಂದರೆ ಸುಮ್ನೆ ಬಿಟ್ಟುಬಿಡಿ. ಓನರ್ ಭಯವನ್ನು ಮಾತ್ರ ಒಳಗೆ ಇಟ್ಟುಕೊಳ್ಳಿ. ಕೈ ಆಡದೆ ಇದ್ದರೂ ಅದು ಎಲ್ಲೋ ಒಂದು ಕಡೆ ಕಾಣಿಸಿಕೊಳ್ಳುತ್ತದೆ.

ಮೈ, ದನಿ, ಶೂ

ನಾಟ್ಯಶಾಸ್ತ್ರದಲ್ಲಿ ಅಭಿನಯ ನಾಲ್ಕು ಬಗೆ: ಆಂಗಿಕ (ಮೈ), ವಾಚಿಕ (ಮಾತು), ಆಹಾರ್ಯ, ಸಾತ್ವಿಕ (ಒಳಗಿನ ಭಾವ). ಸಣ್ಣ ಪಾತ್ರ ಮಾಡುವವನಿಗೆ ಇದರಲ್ಲಿ ಆಹಾರ್ಯ, ಅಂದರೆ ವೇಷಭೂಷಣ, ತುಂಬಾ ನೆರವಿಗೆ ಬರುತ್ತದೆ ಅನ್ನುವುದು ನನ್ನ ಅನುಭವ. ನಾಯಕನನ್ನು ಅರ್ಥ ಮಾಡಿಕೊಳ್ಳಲು ಪ್ರೇಕ್ಷಕನಿಗೆ ಎರಡು ಗಂಟೆ ಸಿಗುತ್ತದೆ. ನಮ್ಮನ್ನು ಅವನು ಬಾಗಿಲಲ್ಲೇ ಗುರುತು ಹಿಡಿಯಬೇಕು.

ಅದಕ್ಕೇ ಕಾಸ್ಟ್ಯೂಮ್‌ನವರ ಹತ್ತಿರ ಮೊದಲು ಶೂ ಅಥವಾ ಚಪ್ಪಲಿ ಕೇಳಿ. ಹಿಮ್ಮಡಿ ಸವೆದ ಚಪ್ಪಲಿ ಹಾಕಿದರೆ ನಡಿಗೆ ತಾನಾಗಿ ಬದಲಾಗುತ್ತದೆ. ನಡಿಗೆ ಬದಲಾದರೆ ಬೆನ್ನು, ಬೆನ್ನಿನಿಂದ ಉಸಿರು, ಉಸಿರಿನಿಂದ ಮಾತು. ಮೀಸೆ, ಕನ್ನಡಕ ಎಲ್ಲ ಆಮೇಲೆ ನೋಡಿಕೊಳ್ಳಬಹುದು.

ದನಿ ಬದಲಿಸಲು ಹೋಗಿ ಕೆಟ್ಟವರು ಬಹಳ ಜನ. ದನಿ ನಿಮ್ಮದೇ ಇರಲಿ, ಮಾತಿನ ವೇಗ ಬದಲಿಸಿ. ಒಂದೇ ವಾಕ್ಯವನ್ನು ದಿನವಿಡೀ ಹೇಳುವವರನ್ನು ಗಮನಿಸಿ: ಟಿಕೆಟ್ ಕೊಡುವವರು, ಆಸ್ಪತ್ರೆಯಲ್ಲಿ ಹೆಸರು ಕೂಗುವವರು. ಅವರ ವಾಕ್ಯದಲ್ಲಿ ಕೆಲವು ಪದಗಳು ಸವೆದೇ ಹೋಗಿರುತ್ತವೆ. ಯಾವ ಪದ ಸವೆದಿದೆ, ಯಾವುದಕ್ಕೆ ಇನ್ನೂ ಒತ್ತು ಉಳಿದಿದೆ ಅಂತ ಒಂದು ಪುಸ್ತಕದಲ್ಲಿ ಬರೆದಿಟ್ಟುಕೊಳ್ಳಿ. ನಟನಿಗೆ ಬ್ಯಾಂಕ್ ಅಕೌಂಟ್‌ಗಿಂತ ಈ ಪುಸ್ತಕ ಬೇಗ ತುಂಬುತ್ತದೆ.

ರಂಗದ ಮೇಲೆ

ನಾಟಕದಲ್ಲಿ ಕಟ್ ಇಲ್ಲ. ಮಾತಿಲ್ಲದ ಹತ್ತು ನಿಮಿಷವೂ ನೀವು ಜನರ ಕಣ್ಣ ಮುಂದೆಯೇ ಇರುತ್ತೀರಿ. ಇಲ್ಲಿ ಕಲಿಯಬೇಕಾದ ದೊಡ್ಡ ವಿದ್ಯೆ ಕೇಳಿಸಿಕೊಳ್ಳುವುದು. ಕೇಳಿಸಿಕೊಂಡ ಹಾಗೆ ನಟಿಸುವುದು ಬೇರೆ. ತಲೆ ಆಡಿಸುವುದು, ಹುಬ್ಬೇರಿಸುವುದು, ಪಕ್ಕದವನ ಕಡೆ ನೋಡುವುದು, ಇದೆಲ್ಲ ಆ ಬಾಬತ್ತು. ನಿಜವಾಗಿ ಕೇಳಿಸಿಕೊಳ್ಳುವವನು ಬಹುಪಾಲು ಅಲ್ಲಾಡುವುದೇ ಇಲ್ಲ.

ನಿಮ್ಮ ಪ್ರವೇಶಕ್ಕೆ ಎರಡು ಪುಟ ಮುಂಚೆಯೇ ರಂಗದ ಪಕ್ಕದ ಮರೆಯಲ್ಲಿ, ಅಂದರೆ ವಿಂಗ್‌ನಲ್ಲಿ ಬಂದು ನಿಲ್ಲಿ. ಒಳಗೆ ಬರುವಾಗ ವಿಂಗ್‌ನಿಂದ ಬರಬೇಡಿ, ಎಲ್ಲಿಂದಾದರೂ ಬನ್ನಿ: ಬಿಸಿಲಿನಿಂದ, ಜಗಳದಿಂದ, ಮೆಟ್ಟಿಲು ಹತ್ತಿ. ಒಂದೇ ನಾಟಕದಲ್ಲಿ ಎರಡು ಮೂರು ಪಾತ್ರ ಮಾಡಬೇಕಾಗಿ ಬಂದರೆ ಖುಷಿಯಿಂದ ಒಪ್ಪಿಕೊಳ್ಳಿ. ಇದಕ್ಕಿಂತ ಒಳ್ಳೆಯ ಶಾಲೆ ಇಲ್ಲ. ಬರೀ ಟೋಪಿ ಬದಲಿಸಿದರೆ ಕೊನೆಯ ಸಾಲಿನವರಿಗೆ ಗೊತ್ತಾಗಿಬಿಡುತ್ತದೆ, ನಡಿಗೆ ಬದಲಿಸಿ. ಸಾಧ್ಯವಾದರೆ ದೊಡ್ಡ ಪಾತ್ರವೊಂದರ ಮಾತುಗಳನ್ನೂ ಬಾಯಿಪಾಠ ಮಾಡಿಟ್ಟುಕೊಳ್ಳಿ. ಯಾವತ್ತಾದರೂ ಯಾರಿಗಾದರೂ ಜ್ವರ ಬಂದೇ ಬರುತ್ತದೆ.

ಕ್ಯಾಮೆರಾ ಮುಂದೆ

ಸಿನಿಮಾದಲ್ಲಿ ದೃಶ್ಯಗಳನ್ನು ಕಥೆಯ ಕ್ರಮದಲ್ಲಿ ತೆಗೆಯುವುದಿಲ್ಲ ಅಂತ ಎಲ್ಲರಿಗೂ ಗೊತ್ತು. ಒಂದೇ ದೃಶ್ಯವನ್ನು ಎಷ್ಟು ಸಲ ತೆಗೆಯುತ್ತಾರೆ ಅನ್ನುವುದು ಹೊಸಬರಿಗೆ ಗೊತ್ತಿರುವುದಿಲ್ಲ. ಸಾಮಾನ್ಯವಾಗಿ ಮೊದಲು ಎಲ್ಲರೂ ಕಾಣುವ ಮಾಸ್ಟರ್ ಶಾಟ್. ಆಮೇಲೆ ಹತ್ತಿರದ ಶಾಟ್‌ಗಳು, ನಾಯಕನ ಕ್ಲೋಸ್‌ಅಪ್. ಟೈಮ್ ಇದ್ದರೆ ಕೊನೆಗೆ ನಿಮ್ಮದು. ಮಾಸ್ಟರ್‌ನಲ್ಲಿ ಯಾವ ಮಾತಿಗೆ ಯಾವ ಕೈ ಎತ್ತಿದಿರೋ, ಪ್ರತಿ ಶಾಟ್‌ನಲ್ಲೂ ಅದೇ ಮಾತಿಗೆ ಅದೇ ಕೈ ಏಳಬೇಕು. ಕಂಟಿನ್ಯುಟಿ ಅಂದರೆ ಇದೇ.

ನಾನು ಇದನ್ನು ಕಲಿತದ್ದು ಮರ್ಯಾದೆ ಕಳೆದುಕೊಂಡು. ಶುರುವಿನ ದಿನಗಳಲ್ಲಿ ಒಂದು ಚಿತ್ರದಲ್ಲಿ ಆಫೀಸ್ ಗುಮಾಸ್ತನಾಗಿದ್ದೆ. ಮಾಸ್ಟರ್ ಶಾಟ್‌ನಲ್ಲಿ ಕನ್ನಡಕ ತೆಗೆದೆ, ಫೈಲ್ ಕಟ್ಟು ಬಿಚ್ಚಿದೆ, ಪೆನ್ ಕಿವಿಗೆ ಸಿಕ್ಕಿಸಿದೆ, ನೀರು ಕುಡಿದೆ. ಒಳ್ಳೇ ಜೀವಂತವಾಗಿದೆ ಅಂತ ಒಳಗೊಳಗೇ ಬೀಗಿದ್ದೆ. ಎರಡು ಗಂಟೆ ಬಿಟ್ಟು ಕ್ಲೋಸ್‌ಅಪ್ ಬಂತು. ನೀರು ಕುಡಿದದ್ದು ಯಾವ ಮಾತಿಗೆ? ಪೆನ್ ಯಾವ ಕಿವಿಗೆ? ಏನೂ ನೆನಪಿಲ್ಲ. ಐದು ಟೇಕ್, ಐದೂ ಬೇರೆ ಬೇರೆ. ಚಿತ್ರ ಬಿಡುಗಡೆಯಾದಾಗ ಆ ದೃಶ್ಯದಲ್ಲಿ ಕಂಡದ್ದು ನನ್ನ ಬೆನ್ನು ಮಾತ್ರ. ಎಡಿಟರ್ ತಪ್ಪೇನೂ ಇಲ್ಲ. ಜೋಡಿಸಲು ಬರುವ ಹಾಗೆ ನಾನು ಏನನ್ನೂ ಕೊಟ್ಟಿರಲಿಲ್ಲ.

ಈಗ ನಾನು ಮಾಡುವುದು ಇಷ್ಟು. ಮಾಸ್ಟರ್‌ನಲ್ಲಿ ಒಂದೇ ಕೆಲಸ, ಅದೂ ಒಂದು ನಿರ್ದಿಷ್ಟ ಪದಕ್ಕೆ ಗಂಟು ಹಾಕಿ. "ಸೈನ್" ಅನ್ನುವ ಪದಕ್ಕೆ ಬೆರಳು ಪುಟದ ಮೇಲೆ, ಅಷ್ಟೇ. ಶಾಟ್ ಆದ ಮೇಲೆ ಕಂಟಿನ್ಯುಟಿ ನೋಡಿಕೊಳ್ಳುವವರ ಹತ್ತಿರ ಹೋಗಿ ಒಂದು ಸಲ ಹೋಲಿಸಿಕೊಳ್ಳುತ್ತೇನೆ. ಊಟದ ದೃಶ್ಯವಾದರೆ ಸಣ್ಣ ತುತ್ತು. ಹನ್ನೊಂದನೇ ಟೇಕ್‌ಗೂ ಹೊಟ್ಟೆಯಲ್ಲಿ ಜಾಗ ಇರಬೇಕಲ್ವಾ?

ನೆಲದ ಮೇಲೆ ಟೇಪ್ ಅಂಟಿಸಿ ಮಾರ್ಕ್ ಹಾಕಿರುತ್ತಾರೆ. ಕೆಳಗೆ ನೋಡದೆ ಅಲ್ಲಿಗೆ ಬಂದು ನಿಲ್ಲುವುದನ್ನು ಅಭ್ಯಾಸ ಮಾಡಿ. ಮಾರ್ಕ್‌ನಿಂದ ಹಿಂದಕ್ಕೆ ಹೆಜ್ಜೆ ಎಣಿಸಿ, ಅಲ್ಲಿಂದ ಶುರು ಮಾಡಿದರೆ ಸುಲಭ. ಕ್ಲೋಸ್‌ಅಪ್‌ನಲ್ಲಿ ಎದುರಿನವರ ಮಾತಿನ ಮೇಲೆ ನಿಮ್ಮ ಮಾತು ಹತ್ತಿಸಬೇಡಿ. ಡೈರೆಕ್ಟರ್ ಹಾಗೇ ಬೇಕು ಅಂದರೆ ಸರಿ, ಇಲ್ಲದಿದ್ದರೆ ಎಡಿಟಿಂಗ್‌ನಲ್ಲಿ ಆ ಎರಡು ದನಿಗಳನ್ನು ಬಿಡಿಸಲು ಆಗುವುದಿಲ್ಲ.

ಇನ್ನೊಂದು ಮಾತು. ನಾಯಕನ ಕ್ಲೋಸ್‌ಅಪ್ ತೆಗೆಯುವಾಗ ನೀವು ಕ್ಯಾಮೆರಾ ಪಕ್ಕ ನಿಂತು ಕ್ಯೂ ಕೊಡಬೇಕಾಗುತ್ತದೆ, ಅಂದರೆ ಅವರು ಉತ್ತರಿಸಲು ನಿಮ್ಮ ಮಾತು ಹೇಳಬೇಕಾಗುತ್ತದೆ. ನಿಮ್ಮ ಮುಖ ಫ್ರೇಮಿನಲ್ಲಿ ಇರುವುದಿಲ್ಲ. ಆಗಲೂ ಪೂರ್ತಿ ಮನಸ್ಸಿಟ್ಟು ಹೇಳಿ. ಎದುರಿನವರ ಅಭಿನಯಕ್ಕೆ ನೀವು ಕೊಡುವ ಬಂಡವಾಳ ಅದು. ಒಳ್ಳೆಯ ನಟರು ಇದನ್ನು ಮರೆಯುವುದಿಲ್ಲ, ಡೈರೆಕ್ಟರ್‌ಗಳು ಅಂತೂ ಮರೆಯುವುದೇ ಇಲ್ಲ. ಜಪಾನಿನ ನಟ ತಕಾಶಿ ಶಿಮುರಾ, ಅಲ್ಲಿನ ನಿರ್ದೇಶಕ ಕುರೊಸಾವಾ ಮಾಡಿದ 30 ಚಿತ್ರಗಳಲ್ಲಿ 21ರಲ್ಲಿ ಇದ್ದರು. ಕೆಲವದರಲ್ಲಿ ದೊಡ್ಡ ಪಾತ್ರ, ಕೆಲವದರಲ್ಲಿ ತೀರಾ ಸಣ್ಣದು. ಪೋಷಕ ನಟನ ನಿಜವಾದ ಆಸ್ತಿ ಇಂಥ ಮತ್ತೆ ಮತ್ತೆ ಬರುವ ಕರೆಗಳೇ.

ಸೀರಿಯಲ್‌ಗಳಲ್ಲಿ

ಇಲ್ಲಿ ಎಲ್ಲಕ್ಕಿಂತ ವೇಗ ಮುಖ್ಯ. ಎಷ್ಟೋ ಸಲ ಹಾಳೆ ಕೈಗೆ ಬರುವುದು ಅವತ್ತು ಬೆಳಿಗ್ಗೆಯೇ. ಬೇಗ ಬಾಯಿಪಾಠ ಆಗಬೇಕು ಅಂದರೆ ನಿಮ್ಮ ಮಾತಿಗಿಂತ ಮೊದಲು ಎದುರಿನವರ ಕೊನೆಯ ಪದ ಕಲಿಯಿರಿ. ಅದು ಬಂದರೆ ನಿಮ್ಮದು ತಾನಾಗಿ ಬರುತ್ತದೆ.

ಪಾತ್ರ ತಿಂಗಳುಗಟ್ಟಲೆ ನಡೆಯುವುದಾದರೆ ಒಂದು ಪುಸ್ತಕ ಇಡಿ. ಯಾವ ಎಪಿಸೋಡ್‌ವರೆಗೆ ಪಾತ್ರಕ್ಕೆ ಯಾವ ಗುಟ್ಟು ಗೊತ್ತು, ಯಾರ ಮೇಲೆ ಕೋಪ ಇದೆ, ಬಳೆ ಯಾವ ಕೈಯಲ್ಲಿ. ಬರಹಗಾರರು ಬದಲಾಗುತ್ತಾರೆ, ಡೈರೆಕ್ಟರ್ ಬದಲಾಗುತ್ತಾರೆ. ಪಾತ್ರದ ನೆನಪು ಉಳಿಯುವುದು ನಿಮ್ಮ ಹತ್ತಿರ ಮಾತ್ರ. ಶುರುವಿನಲ್ಲೇ ಎಲ್ಲ ಬಾಣ ಬಿಡಬೇಡಿ. ಮೊದಲ ವಾರ ಹಿಡಿದ ತಮಾಷೆಯ ಚಾಳಿ ನೂರನೇ ಎಪಿಸೋಡ್ ಹೊತ್ತಿಗೆ ನಿಮಗೇ ಹಿಂಸೆಯಾಗುತ್ತದೆ.

ಕೆಲಸ ಹುಡುಕುವುದು

ಫೋಟೋ ನಿಮ್ಮ ಹಾಗೇ ಇರಲಿ. ಹತ್ತು ವರ್ಷ ಹಿಂದಿನ ಚಂದದ ಫೋಟೋ ಕಳಿಸಿದರೆ ಆಡಿಷನ್ ಬಾಗಿಲಲ್ಲೇ ಒಂದು ಸುಳ್ಳು ಹೇಳಿದ ಹಾಗಾಯಿತು. ನಾಯಕನಂತೆ ಕಾಣಲು ಒದ್ದಾಡಬೇಡಿ. ಬಾಗಿದ ಮೂಗು, ಉಬ್ಬಿದ ಹಲ್ಲು, ಬೋಳು ತಲೆ ಎಲ್ಲ ನಿಮ್ಮ ಪಾಲಿನ ಬಂಡವಾಳ.

ಈಗ ಸೆಲ್ಫ್ ಟೇಪ್, ಅಂದರೆ ನೀವೇ ಫೋನಿನಲ್ಲಿ ತೆಗೆದು ಕಳಿಸುವ ಆಡಿಷನ್, ಜಾಸ್ತಿ. ಖಾಲಿ ಗೋಡೆ, ಮುಖದ ಮೇಲೆ ಬೆಳಕು, ಫೋನ್ ಅಡ್ಡಡ್ಡ, ಸ್ಟ್ಯಾಂಡ್ ಮೇಲೆ. ಎದುರು ಮಾತು ಓದುವವರು ಲೆನ್ಸಿನ ಪಕ್ಕದಲ್ಲೇ ನಿಲ್ಲಲಿ, ಮೆಲ್ಲಗೆ ಓದಲಿ. ಅವರ ದನಿ ನಿಮ್ಮದಕ್ಕಿಂತ ಜೋರಾದರೆ ಆ ಪಾತ್ರ ಅವರಿಗೇ ಸಿಗಬೇಕಾಗುತ್ತದೆ. ಎಷ್ಟು ಟೇಕ್ ಕೇಳಿದ್ದಾರೋ ಅಷ್ಟೇ ಕಳಿಸಿ. ಫೈಲಿಗೆ ನಿಮ್ಮ ಹೆಸರು, ಪಾತ್ರದ ಹೆಸರು ಹಾಕಿ. ಕಳಿಸಿದ ಮೇಲೆ ಮರೆತುಬಿಡಿ. "ಸರ್, ನೋಡಿದ್ರಾ?" ಅಂತ ದಿನಾ ಮೆಸೇಜ್ ಹಾಕುವವರನ್ನು ಕಾಸ್ಟಿಂಗ್‌ನವರು ಬೇರೆ ರೀತಿಯಲ್ಲಿ ನೆನಪಿಟ್ಟುಕೊಳ್ಳುತ್ತಾರೆ.

ಪಾತ್ರ ಕೊಡಿಸಲು ದುಡ್ಡು ಕೇಳಿದರೆ ಅಲ್ಲಿಂದ ಎದ್ದು ಬನ್ನಿ. ನಟನೆಗೆ ದುಡ್ಡು ಬರಬೇಕೇ ಹೊರತು ಹೋಗಬಾರದು. ಆಡಿಷನ್ ಅಂತ ಹೇಳಿ ಯಾರದೋ ಖಾಸಗಿ ರೂಮಿಗೆ ಒಬ್ಬರೇ ಬರಲು ಹೇಳಿದರೂ ಅಷ್ಟೇ, ಹೋಗಬೇಡಿ.

ಒಪ್ಪಿಕೊಳ್ಳುವ ಮುಂಚೆ ಬರವಣಿಗೆಯಲ್ಲಿ ಇವು ಇರಲಿ: ಎಷ್ಟು ದಿನ, ದಿನಕ್ಕೆ ಎಷ್ಟು, ದುಡ್ಡು ಯಾವಾಗ, ಡಬ್ಬಿಂಗ್ ಅದರಲ್ಲೇ ಸೇರಿದೆಯಾ, ಟೈಟಲ್‌ನಲ್ಲಿ ಹೆಸರು ಬರುತ್ತದಾ. ಗಡ್ಡ ಬಿಡಿ ಅಂದರೆ ಎಲ್ಲಿಯವರೆಗೆ ಅಂತಲೂ ಕೇಳಿ. ಆ ಗಡ್ಡದಿಂದ ಬೇರೆ ಎರಡು ಕೆಲಸ ಕೈತಪ್ಪಬಹುದು. ದುಡ್ಡಿನ ವಿಷಯದಲ್ಲಿ ಹೇಳುವುದು ಒಂದೇ: ತಿಂಗಳು ತಿಂಗಳು ಬರುವುದಿಲ್ಲ. ಡಬ್ಬಿಂಗ್, ಪಾಠ ಹೇಳುವುದು, ಇನ್ಯಾವುದೋ ಪಾರ್ಟ್‌ಟೈಮ್, ಏನಾದರೂ ಒಂದು ಕೈಯಲ್ಲಿರಲಿ.

ಒಂದೇ ಥರ ಪಾತ್ರ, ಮತ್ತೆ ವಯಸ್ಸು

ಎರಡು ಸಲ ಪೊಲೀಸ್ ಮಾಡಿದರೆ ಮೂರನೆಯದೂ ಪೊಲೀಸೇ ಬರುತ್ತದೆ. ಗೊಣಗಬೇಡಿ, ಅದು ನಿಮಗೆ ಸಿಕ್ಕ ಬಾಗಿಲು. ಮೂರನೇ ಪೊಲೀಸನಿಗೆ ಬೇರೆ ಒಂದು ಚಿಂತೆ ಕೊಡಿ. ಮಗಳ ಪರೀಕ್ಷೆ ಇರಬಹುದು, ಇನ್ನು ಎರಡು ತಿಂಗಳಿಗೆ ನಿವೃತ್ತಿ ಇರಬಹುದು. ಯೂನಿಫಾರ್ಮ್ ಅದೇ, ಒಳಗಿನ ಮನುಷ್ಯ ಬೇರೆ. ಇದನ್ನು ಗಮನಿಸುವ ಡೈರೆಕ್ಟರ್ ಒಬ್ಬ ಸಿಕ್ಕರೆ ನಾಲ್ಕನೆಯದು ಮೇಷ್ಟರ ಪಾತ್ರ ಆಗಬಹುದು. ಅಲ್ಲಿಯವರೆಗೆ ರಂಗದ ಮೇಲೆ ಬೇರೆ ಬೇರೆ ಪಾತ್ರ ಮಾಡುತ್ತಿರಿ.

ವಯಸ್ಸಾಯಿತು ಅಂತ ಕೊರಗುವುದು ನಾಯಕರ ಪಾಡು. ನಮಗೆ ಕೆಲಸ ಹೆಚ್ಚುವುದೇ ಆಗ. ಅಮೆರಿಕದ ನಟಿ ಥೆಲ್ಮಾ ರಿಟ್ಟರ್ 1947ರಲ್ಲಿ ಮೊದಲ ಸಲ ಸಿನಿಮಾದಲ್ಲಿ ಕಾಣಿಸಿಕೊಂಡಾಗ ಅವರಿಗೆ 45. ಟೈಟಲ್‌ನಲ್ಲಿ ಹೆಸರೂ ಇಲ್ಲದ ಒಂದು ತುಣುಕು ಪಾತ್ರ ಅದು. ಆಮೇಲೆ ಪೋಷಕ ನಟಿಯಾಗಿ 6 ಸಲ ಆಸ್ಕರ್‌ಗೆ ನಾಮಿನೇಟ್ ಆದರು. ಒಂದೂ ಗೆಲ್ಲಲಿಲ್ಲ. ಪಾತ್ರಗಳು ಮಾತ್ರ ಬರುತ್ತಲೇ ಇದ್ದವು. ಅಂದಹಾಗೆ, ಪೋಷಕ ನಟರಿಗೆ ಅಂತ ಆಸ್ಕರ್ ಶುರುವಾದದ್ದೇ 1936ರ ಚಿತ್ರಗಳಿಂದ. ಮೊದಲ ಕೆಲವು ವರ್ಷ ಗೆದ್ದವರಿಗೆ ಪ್ರತಿಮೆ ಕೊಡುತ್ತಿರಲಿಲ್ಲ, ಒಂದು ಫಲಕ ಕೊಟ್ಟು ಕಳಿಸುತ್ತಿದ್ದರು. ಪ್ರತಿಮೆ ಸಿಗತೊಡಗಿದ್ದು 1943ರ ಚಿತ್ರಗಳಿಂದ. ಅಲ್ಲೂ ನಮಗೆ ಹಿಂದಿನ ಬೆಂಚೇ!

ಆ ಮೊದಲ ಫಲಕ ಗೆದ್ದವರು ವಾಲ್ಟರ್ ಬ್ರೆನ್ನನ್. 1938, 1940ರ ಚಿತ್ರಗಳಿಗೂ ಅವರೇ ಗೆದ್ದರು. ನಲವತ್ತರ ಆಸುಪಾಸಿನಲ್ಲೇ ಮುದುಕರ ಪಾತ್ರ ಮಾಡುತ್ತಿದ್ದರು. ಬಾಯಲ್ಲಿ ಕಟ್ಟಿಸಿದ ಹಲ್ಲುಸೆಟ್ ಇತ್ತು. ಅದನ್ನು ತೆಗೆದಿಟ್ಟರೆ ಮುಖಕ್ಕೆ ಒಮ್ಮೆಲೇ ಇಪ್ಪತ್ತು ವರ್ಷ ಸೇರಿಕೊಳ್ಳುತ್ತಿತ್ತು. ಬೇರೆಯವರು ಮುಚ್ಚಿಡುವುದನ್ನು ಅವರು ಸಾಮಾನಿನ ಪೆಟ್ಟಿಗೆಯಲ್ಲಿ ಇಟ್ಟುಕೊಂಡಿದ್ದರು.

ಹಾಗಾಗಿ ಕೂದಲು ನೆರೆಯಲು ಶುರುವಾದರೆ ಡೈ ಬಾಟಲಿಗೆ ಕೈ ಹಾಕುವ ಮುಂಚೆ ಎರಡು ಕೆಲಸ ಮಾಡಿ. ನಡೆಯುತ್ತಿರುವ ಸೀರಿಯಲ್‌ನವರಿಗೆ ಫೋನ್ ಮಾಡಿ ಕಂಟಿನ್ಯುಟಿಗೆ ಯಾವ ಬಣ್ಣ ಬೇಕು ಅಂತ ಕೇಳಿ. ಬಿಳಿ ಕೂದಲಲ್ಲೇ ಹೊಸ ಫೋಟೋ ತೆಗೆಸಿ ನಾಲ್ಕು ಕಾಸ್ಟಿಂಗ್‌ನವರಿಗೆ ಕಳಿಸಿ. ಅಜ್ಜನ ಪಾತ್ರಗಳಿಗೆ ಸಾಲು ಈ ಕಡೆಯಿಂದ ಶುರುವಾಗುತ್ತದೆ.